ಕಾಲದ ಚಿತ್ರದಲ್ಲಿ ಹೊಂಡ ಇರಲಿ

ಚಿತ್ರದುರ್ಗದ ಹಳೇ ಮನೆಯ ಗೋಡೆ ಮೇಲೆ ಕಾಲವನ್ನೇ ತೋರಿಸುವ ಮಾಯದ ಚಿತ್ರ ಇದೆ, ಅದರಲ್ಲಿ ಏನಿರಬೇಕು ಅಂತ ನಿಮ್ಮ ಕತೆಗಾಗಿ ಕೇಳಿದ್ದೀರಿ. ಗಡಿಯಾರ, ಚಕ್ರ ಎಲ್ಲರೂ ಬರೆಯುತ್ತಾರೆ, ಬಿಟ್ಟುಬಿಡಿ. ಕೋಟೆಯ ನೀರು ಬರೆಯಿರಿ. ಮೇಲಿನ ಗೋಪಾಲಸ್ವಾಮಿ ಹೊಂಡ ತುಂಬಿ ಕೋಡಿ ಬಿದ್ದರೆ ನೀರು ಅಕ್ಕ-ತಂಗಿ ಹೊಂಡಕ್ಕೆ ಇಳಿಯುತ್ತದೆ. ಅಲ್ಲಿಂದ ಊರೊಳಗಿನ ಸಂತೆ ಹೊಂಡಕ್ಕೆ. ಕಾಲವೂ ಹಾಗೇ ಅಲ್ವಾ? ಹಿಂದಿನದು ತುಂಬಿದ ಮೇಲೇ ಮುಂದಕ್ಕೆ ಹರಿಯುವುದು.

ಮೇಲಿನ ಹೊಂಡದಲ್ಲಿ ಇಣುಕಿದರೆ 1779ಕ್ಕೆ ಮುಂಚಿನ ದುರ್ಗ ಕಾಣಲಿ, ಹೈದರಾಲಿ ಕೈಗೆ ಕೋಟೆ ಹೋಗದಿದ್ದ ಮದಕರಿ ನಾಯಕರ ಕಾಲ. ನಡುವಿನದರಲ್ಲಿ ನೋಡುವವರ ಮುಖ. ಕೆಳಗೆ, ಇನ್ನೂ ಹುಟ್ಟದ ಹುಡುಗಿಯೊಬ್ಬಳು ಕೊಡ ಅದ್ದುತ್ತಿರಲಿ. ಬೇಸಿಗೆಯಲ್ಲಿ ಮೇಲಿನ ಹೊಂಡ ಬತ್ತಿ ಬಣ್ಣ ಬಿರುಕು ಬಿಡಲಿ, ಆಗ ಮನೆಯ ಅಜ್ಜಿಗೆ ಹಳೇದೆಲ್ಲ ಮರೆತುಹೋಗಲಿ. ಮೊದಲ ಮಳೆ ಬಿದ್ದ ದಿನ ಚಿತ್ರ ಮುಟ್ಟಿದರೆ ಬೆರಳಿಗೆ ತೇವ ಹತ್ತಬೇಕು. ಅಜ್ಜಿ ಸುಮ್ನೆ ಎದ್ದು ಬಂದು, ತನ್ನ ಅವ್ವನ ಹೆಸರು ಹೇಳಬೇಕು. ಇದನ್ನು ಬರೆಯುವಾಗ ನನಗೇ ಗಂಟಲು ಕಟ್ಟಿತು.

ಬರೆಯುವ ಮುಂಚೆ ಮಳೆಗಾಲದಲ್ಲಿ ಒಮ್ಮೆ ಕೋಟೆ ಹತ್ತಿ. ಬಂಡೆ ಮೇಲೆ ನೀರು ಇಳಿದ ಕಪ್ಪು ಗೆರೆಗಳನ್ನು ಹತ್ತಿರದಿಂದ ನೋಡಿ. ಚಿತ್ರದ ಗೆರೆಗಳು ಹಾಗೇ ಇರಲಿ.