ಡಬ್ಬಿಯಲ್ಲಿದ್ದ ಮೂರು ಸಿನಿಮಾ

ಗಂಡ ಹೆಂಡತಿ ಇಬ್ಬರ ಒಪ್ಪಿಗೆ ಪಡೆದು, ಗುರುತು ಸಿಗದಂತೆ ವಿವರ ಬದಲಿಸಿ ಇದನ್ನು ಬರೆಯುತ್ತಿದ್ದೇನೆ. ನಾನು ದಾವಣಗೆರೆಯಲ್ಲಿ ಆಪ್ತಸಮಾಲೋಚಕಿ. ಸಿನಿಮಾ, ನಾಟಕದ ಹುಚ್ಚು ಹಿಡಿದವರ ಮನೆಯವರು ನನ್ನ ಹತ್ತಿರ ಮತ್ತೆ ಮತ್ತೆ ಬರುತ್ತಾರೆ. ರಂಗನಟಿ ಚಿಂದೋಡಿ ಲೀಲಾ ಅವರ ಊರಿದು, ನಾಟಕ ಕಂಪನಿಗಳನ್ನು ಸಾಕಿದ ಊರು. ಆದರೂ ಎಲ್ಲರೂ ಕೇಳುವುದು ಒಂದೇ: "ಈ ಹುಚ್ಚು ಬಿಡಿಸಿಬಿಡಿ ಮೇಡಂ."

ಈ ಗಂಡ ಚಿತ್ರದುರ್ಗದ ಕಡೆಯವರು, ವಯಸ್ಸು 45. ಹೊಟ್ಟೆಪಾಡಿಗೆ ಲಗ್ನದ ವಿಡಿಯೊ ತೆಗೆಯುತ್ತಾರೆ. ಜೀವ ಮಾತ್ರ ದೆವ್ವದ ಸಿನಿಮಾದಲ್ಲಿದೆ. ಕೋಟೆಯಲ್ಲಿ ಶೂಟಿಂಗ್ ಮಾಡಲು ಪುರಾತತ್ವ ಇಲಾಖೆಯ ಅನುಮತಿ ಬೇಕು, ಶುಲ್ಕ ಕಟ್ಟಬೇಕು. ಅಷ್ಟು ದುಡ್ಡಿಲ್ಲದೆ ಮಾವನ ಹೊಲದ ಹಿಂದಿನ ಬಂಡೆಗಳ ನಡುವೆ, ಲಗ್ನದ ಲೈಟುಗಳನ್ನೇ ಹಚ್ಚಿಕೊಂಡು ಮೂರು ಸಿನಿಮಾ ತೆಗೆದಿದ್ದರು. ಒಂದೂ ಬಿಡುಗಡೆಯಾಗಲಿಲ್ಲ. ಬಿಡುಗಡೆ ಮಾಡಿಸುತ್ತೇನೆ ಅಂತ ಒಬ್ಬರು ದುಡ್ಡು ತಗೊಂಡು ಫೋನ್ ಎತ್ತುವುದನ್ನೇ ನಿಲ್ಲಿಸಿದರು. ಹೆಂಡತಿಯ ಸರ ಗಿರವಿಗೆ ಹೋಗಿತ್ತು.

ನಾಲ್ಕನೇ ಭೇಟಿಗೆ ಹೆಂಡತಿಯೂ ಬಂದರು. ಸರದ ಮಾತು ಬರುತ್ತದೆ ಅಂದುಕೊಂಡಿದ್ದೆ. ಅವರು ಸೆರಗಿನ ಚುಂಗು ಬೆರಳಿಗೆ ಸುತ್ತುತ್ತಾ ಹೇಳಿದರು:

"ಹನ್ನೆರಡು ವರ್ಷ ಆಯ್ತು ಮೇಡಂ. ಇವ್ರ ಒಂದು ಸಿನಿಮಾನೂ ನಾನು ನೋಡಿಲ್ಲ."

ಗಂಡ ತಲೆ ಬಗ್ಗಿಸಿದರು. ಬಹಳ ಹೊತ್ತಿನ ಮೇಲೆ, "ಟಾಕೀಸಿನಾಗೇ ತೋರಿಸ್ಬೇಕು ಅಂತಿದ್ದೆ," ಅಂದರು. ಹಾರ್ಡ್ ಡಿಸ್ಕನ್ನು ಸ್ಟೀಲ್ ಡಬ್ಬಿಯಲ್ಲಿಟ್ಟು, ತೇವ ತಾಗದಿರಲಿ ಅಂತ ಶೂ ಪೆಟ್ಟಿಗೆಯಲ್ಲಿ ಬರುವ ಆ ಸಣ್ಣ ಪೊಟ್ಟಣಗಳನ್ನು ಹಾಕಿ, ಬೀರುವಿನ ಮೇಲಿಟ್ಟಿದ್ದರಂತೆ. ಪ್ರತಿ ಹಬ್ಬಕ್ಕೆ ಧೂಳು ಹೊಡೆಯುತ್ತಿದ್ದವರು ಹೆಂಡತಿಯೇ.

ಟಾಕೀಸಿಗೆ ಸೆನ್ಸಾರ್ ಸರ್ಟಿಫಿಕೇಟ್ ಬೇಕು, ಮನೆಯ ಟೀವಿಗೆ ಏನೂ ಬೇಡ ಅಲ್ವಾ? ಈ ಭಾನುವಾರ ಒಂದನ್ನು ಹಾಕಿ, ಪಕ್ಕದಲ್ಲಿ ಕೂತು ನೋಡಿ ಅಂದೆ. ಎರಡನೆಯದು, ಲಗ್ನದ ಸೀಸನ್ನಿನ ದುಡ್ಡಲ್ಲಿ ಮೊದಲು ಸರ ಬಿಡಿಸಬೇಕು. ಅಲ್ಲಿಯವರೆಗೆ ಹೊಸ ಸಿನಿಮಾಕ್ಕೆ ಒಂದು ರೂಪಾಯಿ ಸಾಲವೂ ಕೂಡದು. ಕಥೆ ಬರೆಯುವುದಕ್ಕೆ ಅಡ್ಡಿಯಿಲ್ಲ.

"ಬಿಡು ಅಂತ ಯಾಕೆ ಹೇಳಲಿಲ್ಲ?" ಅಂತ ಅವರ ಅಣ್ಣ ನನ್ನ ಮೇಲೆ ಸಿಟ್ಟಾದರು. ಹೇಳುವುದು ಸುಲಭ. ಹಾಗೆ ಬಿಡಿಸಿಕೊಂಡವರು ಮನೆಯಲ್ಲಿ ಮಾತು ಬಿಟ್ಟು ಸುಮ್ನೆ ಗೋಡೆ ನೋಡುತ್ತಾ ಕೂತದ್ದನ್ನು ನಾನು ಕಂಡಿದ್ದೇನೆ. ಈ ಮನೆಗೆ ಹೊರೆಯಾಗಿದ್ದದ್ದು ಸಾಲ. ಅದಕ್ಕೆ ಲೆಕ್ಕ ಹಾಕಬಹುದು, ತೀರಿಸಬಹುದು. ಹೆಂಡತಿಯನ್ನು ಹೊರಗಿಟ್ಟ ನೋವು ಇನ್ನೊಂದು. ಎರಡನ್ನೂ ಸಿನಿಮಾದ ತಲೆಗೆ ಕಟ್ಟಿದರೆ ಎರಡೂ ವಾಸಿಯಾಗುವುದಿಲ್ಲ. ಆ ಸಲಹೆಯನ್ನು ಇವತ್ತೂ ಬದಲಿಸುವುದಿಲ್ಲ.

ಮುಂದಿನ ವಾರ ಅವರು ಒಬ್ಬರೇ ಬಂದರು. ಕೂರುವ ಮೊದಲೇ ಶುರು ಮಾಡಿದರು.

"ಬಾವಿ ಸೀನ್ ಬಂದಾಗ ಎದ್ದು ಹೋಗಿ ಅಡುಗೆಮನೆ ಲೈಟ್ ಹಾಕಿ ಬಂದ್ಲು ಮೇಡಂ. ಹೆದರಿದ್ಲು. ನಿಜವಾಗ್ಲೂ ಹೆದರಿದ್ಲು."

ಅದನ್ನೇ ಮೂರು ಸಲ ಹೇಳಿದರು.