ಎಳೆದ ದಾರ, ಬರೆದ ಚಿತ್ರ, ಬೆಳಕಿನ ಗೆರೆ: ರೇಖಾಗಣಿತದ ಮೂರು ಪ್ರಶ್ನೆಗಳು

ಪ್ರಶ್ನೆ: ಬ್ರಹ್ಮಾವರದ ಹತ್ತಿರ ಮನೆ ಕಟ್ಟಿಸುತ್ತಿದ್ದೇವೆ. ಪಂಚಾಂಗಕ್ಕೆ ಗುರುತು ಹಾಕುವಾಗ ಮೇಸ್ತ್ರಿ ಮೂಲೆಯಿಂದ ಒಂದು ಕಡೆಗೆ 3 ಅಡಿ, ಇನ್ನೊಂದು ಕಡೆಗೆ 4 ಅಡಿ ಅಳೆದು, ಅಡ್ಡಕ್ಕೆ 5 ಅಡಿ ಬಂದರೆ ‘ಮೂಲೆ ಸರಿಯಾಯ್ತು’ ಅನ್ನುತ್ತಾರೆ. ಹೈಸ್ಕೂಲಿಗೆ ಹೋಗುವ ಮಗಳು ಇದಕ್ಕೇ ಒಂದು ಪುಟ ಸಾಧನೆ ಬರೆಯುತ್ತಾಳೆ. ಅಳೆದು ಸರಿ ಬಂದ ಮೇಲೆ ಸಾಧನೆ ಯಾಕೆ?

ಉತ್ತರ: ಮೊದಲು ನಿಮ್ಮ ಮನೆಯ ಮೂಲೆ ನೋಡೋಣ, ಕಲ್ಲು ಕೂತ ಮೇಲೆ ತಿದ್ದಲು ಆಗುವುದಿಲ್ಲ. ಇಡೀ ಮನೆಗೆ 3-4-5 ಅಡಿ ತೀರಾ ಚಿಕ್ಕದು. ಅಡ್ಡ ಅಳತೆ ಒಂದೇ ಇಂಚು ಹೆಚ್ಚಾದರೂ ಮೂಲೆ 90ರ ಬದಲು 92 ಡಿಗ್ರಿಯಾಗುತ್ತದೆ. 40 ಅಡಿ ಗೋಡೆಯ ತುದಿ ಮುಟ್ಟುವಾಗ ಅದು ಸುಮಾರು 17 ಇಂಚು ಓರೆ. 9-12-15 ಅಡಿ ಹಿಡಿಯಲು ಹೇಳಿ. ಅದೇ ಒಂದಿಂಚಿನ ತಪ್ಪಿಗೆ ಓರೆ ಐದೂವರೆ ಇಂಚಿಗೆ ಇಳಿಯುತ್ತದೆ. ದಾರ ಗೆರೆಗೆ ಮಾತ್ರ, ಅಳತೆಗೆ ಸ್ಟೀಲ್ ಟೇಪ್. ನೈಲಾನ್ ದಾರ ಎಳೆದಷ್ಟೂ ಹಿಗ್ಗುತ್ತದೆ. ಜಾಗ ಇಳಿಜಾರಾಗಿದ್ದರೆ ಟೇಪನ್ನು ನೆಲಕ್ಕೆ ಮಲಗಿಸದೆ ಮಟ್ಟಕ್ಕೆ ಹಿಡಿದು, ತೂಕದ ಗುಂಡು ಇಳಿಬಿಟ್ಟು ಗುರುತು ಹಾಕಿಸಿ.

ಕೊನೆಗೆ ಎರಡೂ ಕರ್ಣ ಅಳೆಯುತ್ತಾರೆ. ಇಲ್ಲಿ ಎಚ್ಚರ ಬೇಕು. ಕರ್ಣಗಳು ಸಮ ಬಂದವೆಂದು ಮೂಲೆಗಳು ಸರಿ ಎನ್ನುವಂತಿಲ್ಲ. ಮುಂಭಾಗ 30 ಅಡಿ, ಹಿಂಭಾಗ 29 ಅಡಿ, ಎರಡು ಬದಿಗಳು 40 ಅಡಿ ಇದ್ದರೂ ಕರ್ಣಗಳು ಸಮವಾಗಿ ಬರಬಹುದು, ನಾಲ್ಕೂ ಮೂಲೆ ತಪ್ಪಿರುತ್ತವೆ. ಎದುರುಬದುರು ಬದಿಗಳು ಸಮ ಎಂದು ಮೊದಲು ನೋಡಿ, ಆಮೇಲೆ ಕರ್ಣ. ‘ಇಷ್ಟಿದ್ದರೆ ಸಾಕು, ಇಷ್ಟಿದ್ದರೆ ಸಾಲದು’ ಎಂಬುದನ್ನು ಟೇಪು ಹೇಳಲಾರದು, ಸಾಧನೆ ಹೇಳುತ್ತದೆ. ನಿಮ್ಮ ಪ್ರಶ್ನೆಗೆ ಅರ್ಧ ಉತ್ತರ ಇದೇ.

ಇನ್ನೊಂದು ಸೂಕ್ಷ್ಮ ಇದೆ. ಲಂಬಕೋನ ಇದ್ದರೆ ಕರ್ಣದ ವರ್ಗ ಉಳಿದೆರಡರ ವರ್ಗಗಳ ಮೊತ್ತ ಎನ್ನುವುದು ಗ್ರೀಕ್ ಗಣಿತಜ್ಞ ಯೂಕ್ಲಿಡನ ‘ಎಲಿಮೆಂಟ್ಸ್’ ಗ್ರಂಥದ ಮೊದಲ ಪುಸ್ತಕದ 47ನೇ ಪ್ರಮೇಯ. ಮೇಸ್ತ್ರಿ ಬಳಸುವುದು ಅದನ್ನಲ್ಲ, 48ನೆಯದನ್ನು, ಅಂದರೆ ಅದರ ವಿಲೋಮವನ್ನು: ಅಳತೆ ಹಾಗೆ ಬಂದರೆ ಕೋನ ಲಂಬವೇ. ಒಂದು ಮಾತು ನಿಜವಾದರೆ ಅದರ ತಿರುವು ತಾನಾಗಿ ನಿಜವಾಗುವುದಿಲ್ಲ. ಮಳೆ ಬಂದರೆ ಅಂಗಳ ಒದ್ದೆ, ಆದರೆ ಒದ್ದೆ ಅಂಗಳ ಕಂಡಾಗಲೆಲ್ಲ ಮಳೆ ಬಂದಿರಬೇಕೆಂದಿಲ್ಲ. ಹಾಗಾಗಿ ತಿರುವಿಗೆ ಬೇರೆ ಸಾಧನೆ ಬೇಕು. ಅದು ಚಿಕ್ಕದು. 3 ಮತ್ತು 4 ಬದಿಗಳಿಟ್ಟು ನಿಜವಾದ ಲಂಬಕೋನದ ಇನ್ನೊಂದು ತ್ರಿಭುಜ ಮಾಡಿ. 47ರಂತೆ ಅದರ ಕರ್ಣ 5. ಮೂರೂ ಬಾಹು ಸಮವಾದ್ದರಿಂದ ಎರಡೂ ತ್ರಿಭುಜ ಸರ್ವಸಮ, ಆದ್ದರಿಂದ ನಮ್ಮ ಮೂಲೆಯೂ ಲಂಬ.

ಅಳತೆ ಎಲ್ಲಿ ಸೋಲುತ್ತದೆ ಎಂದು ಮಗಳಿಗೆ ತೋರಿಸಲು ಶುಲ್ಬಸೂತ್ರಕ್ಕಿಂತ ಒಳ್ಳೆಯ ಉದಾಹರಣೆ ಇಲ್ಲ. ಶುಲ್ಬ ಎಂದರೆ ಹಗ್ಗ; ಯಜ್ಞವೇದಿಯ ಮೂಲೆ ತೆಗೆಯುವ ವಿದ್ಯೆ ಅದು. ಚೌಕದ ಕರ್ಣಕ್ಕೆ ಶುಲ್ಬಸೂತ್ರಕಾರ ಬೌಧಾಯನ ಕೊಡುವ ಲೆಕ್ಕ: ಬದಿಗೆ ಅದರ ಮೂರನೇ ಒಂದನ್ನು ಸೇರಿಸಿ, ಆ ಮೂರನೇ ಒಂದರ ಕಾಲು ಭಾಗ ಸೇರಿಸಿ, ಆ ಕಾಲಿನ 34ನೇ ಒಂದು ಭಾಗ ಕಳೆಯಿರಿ. ಬರುವುದು 577/408. ಒಂದು ಮೀಟರ್ ಚೌಕದಲ್ಲಿ ಇದರ ತಪ್ಪು ಮಿಲಿಮೀಟರಿನ ಸಾವಿರದಲ್ಲಿ ಎರಡು ಭಾಗ. ಯಾವ ಟೇಪೂ ಇದನ್ನು ಹಿಡಿಯದು. ಆದರೆ ಕಾಗದದ ಮೇಲೆ ಗುಣಿಸಿ: 577ರ ವರ್ಗ 3,32,929, 408ರ ವರ್ಗದ ಎರಡು ಪಟ್ಟು 3,32,928. ಒಂದು ಹೆಚ್ಚು! ಯಾವ ಭಿನ್ನರಾಶಿ ಹಿಡಿದರೂ ಇವೆರಡು ಎಂದೂ ಸಮವಾಗುವುದಿಲ್ಲ ಎಂದು ಸಾಧಿಸಬಹುದು, ಅಳೆದು ತಿಳಿಯಲಾಗದು. ಸೂತ್ರಕಾರರು ಆ ಕರ್ಣವನ್ನು ‘ಸವಿಶೇಷ’ ಎಂದು ಕರೆದಿದ್ದಾರೆ.

ಪ್ರಶ್ನೆ: ಉಡುಪಿಯಲ್ಲಿ ತರ್ಕಶಾಸ್ತ್ರ ಓದುತ್ತಿದ್ದೇನೆ. ರೇಖಾಗಣಿತದ ಸಾಧನೆ ಅನುಮಾನ ಪ್ರಮಾಣವೇ (ಕಂಡ ಕಾರಣದಿಂದ ಕಾಣದ್ದನ್ನು ತಿಳಿಯುವ ಬಗೆಯೇ)? ಹೌದಾದರೆ ಬರೆದ ಚಿತ್ರ ಅದರಲ್ಲಿ ದೃಷ್ಟಾಂತವಾಗುತ್ತದೆಯೇ?

ಉತ್ತರ: ಮಧ್ವಾಚಾರ್ಯರು ಅನುಮಾನಕ್ಕೆ ಕೊಟ್ಟ ಲಕ್ಷಣ ‘ನಿರ್ದೋಷೋಪಪತ್ತಿ’, ದೋಷವಿಲ್ಲದ ಉಪಪತ್ತಿ, ಅಂದರೆ ಯುಕ್ತಿ. ಗಣಿತದ ಸಾಧನೆಗೆ ನಮ್ಮ ಗಣಿತಜ್ಞರು ಬಳಸಿದ ಶಬ್ದವೂ ಉಪಪತ್ತಿಯೇ. ಭಾಸ್ಕರಾಚಾರ್ಯರ ಬೀಜಗಣಿತದಲ್ಲಿ ಕರ್ಣದ ಉಪಪತ್ತಿಗೆ ಒಂದು ಸೊಗಸಾದ ಕ್ಷೇತ್ರ (ಆಕೃತಿ) ಇದೆ: ಒಂದೇ ಅಳತೆಯ ನಾಲ್ಕು ಲಂಬಕೋನ ತ್ರಿಭುಜಗಳನ್ನು ಕರ್ಣಗಳು ಹೊರಗೆ ಬರುವಂತೆ ಸುತ್ತ ಜೋಡಿಸಿದರೆ ದೊಡ್ಡ ಚೌಕವಾಗಿ, ನಡುವೆ ಒಂದು ಪುಟ್ಟ ಚೌಕ ಉಳಿಯುತ್ತದೆ. 3-4-5ರಲ್ಲಿ ನಾಲ್ಕು ತ್ರಿಭುಜಕ್ಕೆ 24, ನಡುವಿನ ಚೌಕಕ್ಕೆ 1, ಒಟ್ಟು 25.

ಹಾಗಾಗಿ ಮೊದಲ ಪ್ರಶ್ನೆಗೆ ಹೌದು. ಎರಡನೆಯ ಪ್ರಶ್ನೆಗೆ ನಮ್ಮ ಉತ್ತರ, ಇಲ್ಲ. ‘ಬೆಟ್ಟದಲ್ಲಿ ಹೊಗೆಯಿದೆ, ಆದ್ದರಿಂದ ಬೆಂಕಿಯಿದೆ; ಎಲ್ಲಿ ಹೊಗೆಯೋ ಅಲ್ಲಿ ಬೆಂಕಿ, ಅಡುಗೆಮನೆಯಲ್ಲಿರುವಂತೆ’ ಎನ್ನುವಾಗ ಅಡುಗೆಮನೆ ಬೆಟ್ಟಕ್ಕಿಂತ ಬೇರೆ, ಮೊದಲೇ ಕಂಡು ತಿಳಿದ ಜಾಗ. ಬೋರ್ಡಿನ ಮೇಲಿನ ತ್ರಿಭುಜ ಹಾಗಲ್ಲ. ಅದು ಪಕ್ಷದ, ಅಂದರೆ ಯಾವುದರ ಬಗ್ಗೆ ಸಾಧಿಸುತ್ತೇವೋ ಆ ಬೆಟ್ಟದ, ಜಾಗದಲ್ಲಿ ನಿಂತಿದೆ, ಎಲ್ಲ ತ್ರಿಭುಜಗಳ ಪರವಾಗಿ. ಹಾಗೆ ನಿಲ್ಲಲು ಅದಕ್ಕೆ ಒಂದೇ ಶರತ್ತು: ಮೊದಲು ಹೇಳಿದ ಗುಣಗಳನ್ನು ಬಿಟ್ಟು ಚಿತ್ರದಲ್ಲಿ ಕಣ್ಣಿಗೆ ಬಿದ್ದ ಏನನ್ನೂ ಹೇತುವಾಗಿ (ಕಾರಣವಾಗಿ) ಬಳಸಬಾರದು.

ಬಳಸಿದರೆ ಏನಾಗುತ್ತದೆ? ‘ಎಲ್ಲ ತ್ರಿಭುಜಗಳೂ ಸಮದ್ವಿಬಾಹು’ ಎಂಬ ಪ್ರಸಿದ್ಧ ಆಭಾಸ (ಸರಿಯಂತೆ ಕಾಣುವ ತಪ್ಪು ಸಾಧನೆ) ನೋಡಿ. ತ್ರಿಭುಜ ಕಖಗ ಬರೆಯಿರಿ. ಕ ಕೋನದ ಅರ್ಧಕವೂ ಖಗ ಬಾಹುವಿನ ಲಂಬಾರ್ಧಕವೂ ಸೇರುವ ಬಿಂದು ಮ. ಮದಿಂದ ಕಖ ಮೇಲೆ ಮಚ, ಕಗ ಮೇಲೆ ಮಜ ಲಂಬಗಳು. ಸರ್ವಸಮತೆಯಿಂದ ಕಚ, ಕಜ ಸಮ. ಮಚ, ಮಜ ಸಮ. ಮಖ, ಮಗ ಸಮ. ಆದ್ದರಿಂದ ಚಖ, ಜಗ ಸಮ. ಕೂಡಿಸಿದರೆ ಕಖ, ಕಗ ಸಮ! ಪ್ರತಿ ಸರ್ವಸಮತೆಯೂ ಸರಿ. ತಪ್ಪಿರುವುದು ‘ಕೂಡಿಸಿದರೆ’ ಎಂಬಲ್ಲಿ. ಕೈಚಿತ್ರದಲ್ಲಿ ಮ ಒಳಗೆ, ಚ ಮತ್ತು ಜ ಎರಡೂ ಬಾಹುಗಳ ಮೇಲೆ ಕಾಣುತ್ತವೆ. ಹಾಗೆ ಕಂಡದ್ದೇ ಹೇತುವಾಗಿ ನುಸುಳಿತು. ಕಂಪಾಸ್ ಹಿಡಿದು ಕಖ 8 ಸೆಂ.ಮೀ., ಕಗ 6 ಸೆಂ.ಮೀ., ಖಗ 7 ಸೆಂ.ಮೀ. ಇಟ್ಟು ಸರಿಯಾಗಿ ಬರೆಯಿರಿ. ಮ ತ್ರಿಭುಜದ ಹೊರಗೆ, ಪರಿವೃತ್ತದ ಮೇಲೆ ಬೀಳುತ್ತದೆ. ಚ, ಜ ಎರಡೂ ಕದಿಂದ 7 ಸೆಂ.ಮೀ. ದೂರ: ಚ ಬಾಹುವಿನ ಒಳಗೆ, ಜ ಮಾತ್ರ ಗ ದಾಟಿ 1 ಸೆಂ.ಮೀ. ಆಚೆ. ಒಂದು ಕಡೆ 7ಕ್ಕೆ 1 ಕೂಡಬೇಕು, ಇನ್ನೊಂದು ಕಡೆ 7ರಿಂದ 1 ಕಳೆಯಬೇಕು.

ಬಿಂದುಗಳ ಹಿಂದುಮುಂದಿನ ಕ್ರಮಕ್ಕೆ ಯೂಕ್ಲಿಡನಲ್ಲೂ ಆಧಾರವಾಕ್ಯ (ಸಾಧನೆಯಿಲ್ಲದೆ ಮೊದಲೇ ಒಪ್ಪಿಕೊಳ್ಳುವ ಮಾತು) ಇರಲಿಲ್ಲ. 1899ರಲ್ಲಿ ಜರ್ಮನ್ ಗಣಿತಜ್ಞ ಹಿಲ್ಬರ್ಟ್ ಅದಕ್ಕೇ ಪ್ರತ್ಯೇಕ ಆಧಾರವಾಕ್ಯಗಳನ್ನು ಕೊಟ್ಟರು.

ಪ್ರಶ್ನೆ: ತ್ರಿಭುಜದ ಕೋನಗಳ ಮೊತ್ತ 180 ಡಿಗ್ರಿ ಎನ್ನುವುದು ಜಗತ್ತಿನ ನಿಯಮವೋ, ನಮ್ಮ ಬುದ್ಧಿಯ ನಿಯಮವೋ? (ಮಂಗಳೂರಿನ ಬಿ.ಎಸ್ಸಿ. ವಿದ್ಯಾರ್ಥಿ)

ಉತ್ತರ: ನಿಮ್ಮ ಊರಿಗೂ ಈ ಪ್ರಶ್ನೆಗೂ ನಂಟಿದೆ. 1802ರಲ್ಲಿ ಬ್ರಿಟಿಷ್ ಅಧಿಕಾರಿ ಲ್ಯಾಂಬ್ಟನ್ ಮದ್ರಾಸಿನಲ್ಲಿ ಶುರುಮಾಡಿದ, ದೊಡ್ಡ ತ್ರಿಭುಜಗಳ ಕೋನ ಅಳೆದು ದೂರ ತಿಳಿಯುವ ತ್ರಿಕೋನ ಸರ್ವೆ ಬೆಂಗಳೂರಿನ ಮೇಲೆ ಹಾದು ಮಂಗಳೂರಿನ ಕರಾವಳಿ ಮುಟ್ಟಿತು. ಭೂಮಿ ಉರುಟಾದ್ದರಿಂದ ಇಂಥ ಸರ್ವೆಯಲ್ಲಿ ಮೂರು ಕೋನ ಕೂಡಿದರೆ 180ಕ್ಕಿಂತ ಹೆಚ್ಚು ಬರುತ್ತದೆ. ಮಲ್ಪೆಯ ಮರಳಲ್ಲಿ ಬರೆದ ತ್ರಿಭುಜಕ್ಕೆ ಅದು ಗೊತ್ತೇ ಆಗದು. ಬದಿಗೆ 50 ಕಿ.ಮೀ. ಇದ್ದರೆ ಹೆಚ್ಚಳ ಐದೂವರೆ ಸೆಕೆಂಡ್, ಒಂದು ಡಿಗ್ರಿಯಲ್ಲಿ 3,600 ಸೆಕೆಂಡ್. ಸರ್ವೆಯವರು ಅದರ ಮೂರನೇ ಒಂದನ್ನು ಪ್ರತಿ ಕೋನದಿಂದ ಕಳೆದು, ಮುಂದಿನ ಲೆಕ್ಕವನ್ನು ಸಮತಲದ ಸೂತ್ರದಲ್ಲೇ ಮಾಡುತ್ತಾರೆ.

ಇದರಿಂದ ಯೂಕ್ಲಿಡ್ ಸೋಲಲಿಲ್ಲ, ಆತ ಹೇಳಿದ್ದು ಸಮತಲದ ಮಾತು. ಸುತ್ತಲಿನ ಅವಕಾಶ (ಸ್ಪೇಸ್) ಯೂಕ್ಲಿಡನದ್ದೇ, ಅದು ನಮ್ಮ ಗ್ರಹಿಕೆಯ ಚೌಕಟ್ಟು, ಅನುಭವಕ್ಕಿಂತ ಮೊದಲೇ ಇರುವಂಥದ್ದು ಎಂದು 1781ರಲ್ಲಿ ಜರ್ಮನ್ ತತ್ತ್ವಜ್ಞಾನಿ ಕಾಂಟ್ ವಾದಿಸಿದರು. ಸಮಾನಾಂತರ ರೇಖೆಯ ಆಧಾರವಾಕ್ಯವನ್ನು ಬದಲಿಸಿಯೂ ವಿರೋಧಾಭಾಸವಿಲ್ಲದೆ ನಡೆಯುವ ರೇಖಾಗಣಿತವನ್ನು ಲೊಬಾಚೆವ್‌ಸ್ಕಿ 1829ರಲ್ಲಿ, ಬೋಯಾಯಿ 1832ರಲ್ಲಿ ಪ್ರಕಟಿಸಿದ ಮೇಲೆ ಆ ವಾದ ಅಲುಗಾಡಿತು. ಬೇರೆ ಚೌಕಟ್ಟನ್ನೂ ಬುದ್ಧಿ ಯೋಚಿಸಬಲ್ಲದು ಎಂದಾಯಿತು. 1915ರ ಐನ್‌ಸ್ಟೈನ್ ಸಿದ್ಧಾಂತದಂತೆ ಭಾರವಿರುವ ಕಡೆ ಅವಕಾಶವೇ ಬಾಗಿದೆ, ಹಾಗಾಗಿ ಸೂರ್ಯನ ಅಂಚು ಸವರಿ ಬರುವ ನಕ್ಷತ್ರದ ಬೆಳಕು 1.75 ಸೆಕೆಂಡ್ ವಾಲಬೇಕು. 1919ರ ಗ್ರಹಣದಲ್ಲಿ ತೆಗೆದ ಫೋಟೋಗಳು ಅದನ್ನು ಬೆಂಬಲಿಸಿದವು.

ಆದರೂ ಫ್ರೆಂಚ್ ಗಣಿತಜ್ಞ ಪ್ವಾಂಕರೆ ಎತ್ತಿದ್ದ ಒಂದು ಆಕ್ಷೇಪ ಉಳಿಯುತ್ತದೆ, ನಮಗೆ ಅದು ಗಟ್ಟಿ ಎನಿಸುತ್ತದೆ. ಅವಕಾಶ ಯೂಕ್ಲಿಡನದ್ದೇ, ವಾಲಿದ್ದು ಬೆಳಕು ಎಂದೂ ಹೇಳಬಹುದಲ್ಲ? ಹಾಗೆ ಹೇಳಿದರೆ ಭೌತಶಾಸ್ತ್ರದ ನಿಯಮಗಳು ತೊಡಕಾಗುತ್ತವೆ, ಅಷ್ಟೇ. ಕೋನ ಅಳೆಯುವ ಮೊದಲೇ ಏನನ್ನು ನೇರಗೆರೆ ಎನ್ನುತ್ತೇವೆ ಎಂದು ನಿಶ್ಚಯಿಸಿರಬೇಕು. ಮೇಸ್ತ್ರಿ ಬಿಗಿದ ದಾರವನ್ನು ನೇರ ಎನ್ನುತ್ತಾರೆ, ಸರ್ವೆಯವರು ದುರ್ಬೀನಿಗೆ ಬಂದ ಬೆಳಕನ್ನು.