ಮಳೆ ಯಾರ ಕೈಯಲ್ಲಿತ್ತು? ಬಾಳ್, ಅಶೇರ ಮತ್ತು ಯೆಹೋವ

ಪ್ರಶ್ನೆ: ಹಳೆ ಒಡಂಬಡಿಕೆ ಓದುತ್ತಿದ್ದೇನೆ. ಬಾಳ್ ಅನ್ನೋ ದೇವರ ಹೆಸರು ಬಂದಾಗಲೆಲ್ಲ ಬೈಗುಳವೇ. ಅವನು ಯಾರು? ಇಬ್ರಿಯರಿಗೆ, ಅಂದರೆ ಇಸ್ರಾಯೇಲ್ ಜನರಿಗೆ, ಅವನ ಮೇಲೆ ಅಷ್ಟೊಂದು ಸಿಟ್ಟೇಕೆ?

ಉತ್ತರ: ನೀವು ಓದುತ್ತಿರುವುದು ಗೆದ್ದವರ ಕಡೆಯ ಮಾತು. ಬಾಳನ ಭಕ್ತರು ಅವನ ಬಗ್ಗೆ ಏನು ಹಾಡುತ್ತಿದ್ದರು ಅನ್ನೋದು ಗೊತ್ತಾಗಿದ್ದು ಈಗ ನೂರು ವರ್ಷದ ಈಚೆಗೆ. 1928ರಲ್ಲಿ ಸಿರಿಯಾದ ಕರಾವಳಿಯಲ್ಲಿ ರೈತನೊಬ್ಬ ಹೊಲ ಉಳುವಾಗ ನೇಗಿಲು ಒಂದು ಹಳೆ ಗೋರಿಯ ಕಲ್ಲಿಗೆ ತಾಗಿತು. ಮರುವರ್ಷ ಹತ್ತಿರದ ರಾಸ್ ಶಮ್ರಾ ದಿಬ್ಬವನ್ನು ಅಗೆದಾಗ ಉಗಾರಿತ್ ಪಟ್ಟಣ ಸಿಕ್ಕಿತು. ಕ್ರಿ.ಪೂ. 1185ರ ಸುಮಾರಿಗೆ ಹಾಳಾದ ಊರು ಅದು. ಇಬ್ರಿಯರು ನೆಲೆಸಿದ್ದ ಕಾನಾನ್ ನಾಡಿಗೆ ಉತ್ತರದಲ್ಲಿದ್ದರೂ ದೇವರುಗಳು ಹೆಚ್ಚುಕಡಿಮೆ ಅವೇ. ಅಲ್ಲಿ ಸಿಕ್ಕ ಮಣ್ಣಿನ ಫಲಕಗಳ ಭಾಷೆ ಹೀಬ್ರೂಗೆ ಹತ್ತಿರದ ನೆಂಟ.

ಆ ಫಲಕಗಳಲ್ಲಿ ಎಲ್ ಮನೆಯ ಹಿರಿಯ, ದೇವರುಗಳ ತಂದೆ. ಅವನ ಹೆಂಡತಿ ಅಥಿರತ್. ಇವಳೇ ಬೈಬಲ್ಲಿನ ಅಶೇರ. ಬಾಳ್ ಗುಡುಗು ಮಳೆಯ ದೇವರು, 'ಮೋಡವನ್ನೇರಿ ಬರುವವನು'. ಅವನ ತಂಗಿ ಅನಾತ್. ಮೋತ್ ಅಂದರೆ ಸಾವು.

ಒಂದು ಕಥೆ ಹೇಳಲೇಬೇಕು. ಮೋತ್ ಬಾಳನನ್ನು ನುಂಗುತ್ತಾನೆ. ಸುದ್ದಿ ಕೇಳಿ ಎಲ್ ಸಿಂಹಾಸನದಿಂದ ಇಳಿದು, ನೆಲದ ಮೇಲೆ ಕೂತು, ತಲೆಗೆ ಮಣ್ಣು ಸುರಿದುಕೊಳ್ಳುತ್ತಾನೆ. ಹೊಲದ ಸಾಲುಗಳು ಒಣಗುತ್ತವೆ. ಅನಾತ್ ಮೋತನನ್ನು ಹಿಡಿದು ಕತ್ತಿಯಿಂದ ಸೀಳುತ್ತಾಳೆ, ಜರಡಿಯಲ್ಲಿ ತೂರುತ್ತಾಳೆ, ಬೆಂಕಿಯಲ್ಲಿ ಸುಡುತ್ತಾಳೆ, ಬೀಸುಕಲ್ಲಿನಲ್ಲಿ ಬೀಸಿ ಹೊಲಕ್ಕೆ ಬಿತ್ತುತ್ತಾಳೆ. ಸಾವಿಗೆ ಕಾಳಿನ ಗತಿಯನ್ನೇ ಕಾಣಿಸುತ್ತಾಳೆ! ಆಮೇಲೆ ಎಲ್‌ಗೆ ಒಂದು ಕನಸು. ಆಕಾಶ ಎಣ್ಣೆ ಸುರಿಸುತ್ತಿದೆ, ಒಣಗಿದ ಹಳ್ಳಗಳಲ್ಲಿ ಜೇನು ಹರಿಯುತ್ತಿದೆ. ಬಾಳ್ ಬದುಕಿದ್ದಾನೆ ಅಂತ ಅವನಿಗೆ ಗೊತ್ತಾಗುತ್ತದೆ.

ಮಳೆಗಾಗಿ ಆಕಾಶ ನೋಡಿದ ಯಾರಿಗೂ ಇದನ್ನು ಬಿಡಿಸಿ ಹೇಳಬೇಕಿಲ್ಲ. ಈಜಿಪ್ಟಿಗೆ ನೈಲ್ ಇತ್ತು. ಕಾನಾನಿನ ಗುಡ್ಡಗಾಡಿಗೆ ಅಂಥ ನದಿ ಇರಲಿಲ್ಲ. ಈಜಿಪ್ಟಿನಲ್ಲಿ ಕಾಯಿಪಲ್ಲೆ ತೋಟಕ್ಕೆ ಹಾಯಿಸಿದ ಹಾಗೆ ಹೊಲಕ್ಕೆ ನೀರು ಹಾಯಿಸುತ್ತಿದ್ದಿರಿ, ಈ ನಾಡು ಮಾತ್ರ ಆಕಾಶದ ಮಳೆ ಕುಡಿಯುತ್ತದೆ ಅಂತ ಧರ್ಮೋಪದೇಶಕಾಂಡವೇ ಹೇಳುತ್ತದೆ. ಮಳೆ ಕೊಡುವವನು ಯಾರು? ಜಗಳದ ಬೇರು ಇಲ್ಲೇ ಇದೆ.

ಈಗ ಇಬ್ರಿಯರ ದೇವರಾದ ಯೆಹೋವನ ಪ್ರವಾದಿ ಎಲೀಯನ ಕಥೆ ಇನ್ನೊಮ್ಮೆ ಓದಿ. ಅರಸ ಅಹಾಬನ ಹೆಂಡತಿ ಈಜೆಬೆಲ್ ಸೀದೋನಿನ ರಾಜಕುಮಾರಿ, ಬಾಳನ ಭಕ್ತೆ. ಎಲೀಯ ಮೊದಲು ಮಾಡಿದ್ದೇನು? 'ನಾನು ಹೇಳುವ ತನಕ ಮಳೆ ಇಲ್ಲ' ಅಂದ. ಮಳೆ ದೇವರ ಭಕ್ತರಿಗೆ ಬರಗಾಲವನ್ನೇ ಸವಾಲಾಗಿ ಒಡ್ಡಿದ. ಕರ್ಮೆಲ್ ಬೆಟ್ಟದಲ್ಲಿ ಬಾಳನ 450 ಪ್ರವಾದಿಗಳು ಮೈ ಕೊಯ್ದುಕೊಂಡು ಕೂಗಿದರೂ ಉತ್ತರ ಬರಲಿಲ್ಲ. ಆಕಾಶದಿಂದ ಬೆಂಕಿ ಬಿದ್ದದ್ದನ್ನೇ ಎಲ್ಲರೂ ನೆನಪಿಡುತ್ತಾರೆ. ನನಗೆ ಮಾತ್ರ ಆ ಅಧ್ಯಾಯದ ಕೊನೆ ಹೆಚ್ಚು ಮುಖ್ಯ ಅನ್ನಿಸುತ್ತದೆ. ಎಲೀಯನ ಸೇವಕ ಏಳನೇ ಸಲ ಸಮುದ್ರದ ಕಡೆ ನೋಡಿ ಬಂದು, ಅಂಗೈಯಷ್ಟು ಒಂದು ಮೋಡ ಕಾಣುತ್ತಿದೆ ಅನ್ನುತ್ತಾನೆ. ಆಮೇಲೆ ದೊಡ್ಡ ಮಳೆ. ಬಾಳನ ಕೆಲಸವನ್ನು ಯೆಹೋವನೇ ಮಾಡಿ ತೋರಿಸಿದ.

ಇನ್ನೊಂದು ವಿಷಯ ಗಮನಿಸಿ. ಬೈಬಲ್ಲಿಗೆ ಎಲ್ ಜೊತೆ ಜಗಳವೇ ಇಲ್ಲ. ಇಸ್ರಾಯೇಲ್, ಬೇತೇಲ್ ಹೆಸರುಗಳ ಕೊನೆಯಲ್ಲಿರುವುದು ಅದೇ 'ಎಲ್'. ಹಿರಿಯ ದೇವರು ಯೆಹೋವನಲ್ಲಿ ಸದ್ದಿಲ್ಲದೆ ಕರಗಿಹೋದ. ಬಾಳನ ವಿಷಯದಲ್ಲಿ ಹಾಗಾಗಲಿಲ್ಲ, ಆದರೆ ಅವನ ಬಿರುದು ಉಳಿಯಿತು: 68ನೇ ಕೀರ್ತನೆಯಲ್ಲಿ ಮೋಡವನ್ನೇರಿ ಬರುವವನು ಯೆಹೋವ.

ಬಾಳ್ ಅಂದರೆ ಒಡೆಯ, ಯಜಮಾನ, ಗಂಡ ಎಂದೂ ಆಗುತ್ತದೆ. ಹಾಗಾಗಿ ಮೊದಮೊದಲು ಆ ಹೆಸರೇನೂ ಅಸಹ್ಯದ್ದಾಗಿರಲಿಲ್ಲ. ಅರಸ ಸೌಲನ ಮಗನ ಹೆಸರೇ ಎಷ್ಬಾಳ. ಸಮುವೇಲನ ಪುಸ್ತಕದಲ್ಲಿ ಅದು ಈಷ್ಬೋಶೆತ್ ಆಗಿದೆ. ಬೋಶೆತ್ ಅಂದರೆ ನಾಚಿಕೆ. ಯಾರೋ ಬರೆಯುವಾಗ ದೇವರ ಹೆಸರು ಅಳಿಸಿ 'ನಾಚಿಕೆ' ಅಂತ ತುಂಬಿದ್ದಾರೆ.

ಪ್ರಶ್ನೆ: ಯೆಹೋವನಿಗೆ ಹೆಂಡತಿ ಇದ್ದಳು ಅಂತ ಒಂದು ವಿಡಿಯೋದಲ್ಲಿ ನೋಡಿದೆ. ನಿಜವೇ ಅಥವಾ ಸುಮ್ನೆ ಹೇಳಿದ್ದೇ?

ಉತ್ತರ: ಸುಮ್ನೆ ಹೇಳಿದ್ದಲ್ಲ, ಆದರೆ ವಿಡಿಯೋದವರು ಹೇಳುವಷ್ಟು ಖಚಿತವೂ ಅಲ್ಲ. 1975–76ರಲ್ಲಿ ಸಿನಾಯಿ ಮರುಭೂಮಿಯ ಕುಂತಿಲೆತ್ ಅಜ್ರುದ್ ಎಂಬಲ್ಲಿ ದೊಡ್ಡ ದೊಡ್ಡ ಮಣ್ಣಿನ ಹರವಿಗಳು ಸಿಕ್ಕವು. ಕ್ರಿ.ಪೂ. 800ರ ಸುಮಾರಿನವು. ಒಂದರ ಮೇಲೆ ಶಾಯಿಯಲ್ಲಿ, 'ಸಮಾರ್ಯದ ಯೆಹೋವ ಮತ್ತು ಅವನ ಅಶೇರದ ಹೆಸರಲ್ಲಿ ನಿನ್ನನ್ನು ಹರಸುತ್ತೇನೆ' ಎಂಬ ಅರ್ಥದ ಬರಹ. ಹೀಬ್ರೂನಲ್ಲಿ ವ್ಯಕ್ತಿಯ ಹೆಸರಿಗೆ 'ಅವನ' ಎಂಬ ಪ್ರತ್ಯಯ ಸಾಮಾನ್ಯವಾಗಿ ಸೇರುವುದಿಲ್ಲ. ಅದಕ್ಕೇ ಹಲವು ವಿದ್ವಾಂಸರು ಇದನ್ನು ಅಶೇರ ದೇವಿಯ ಗುರುತಾದ ಮರದ ಕಂಬ ಅಂತ ಓದುತ್ತಾರೆ. ನನಗೂ ಅದೇ ಸರಿ ಅನ್ನಿಸುತ್ತದೆ. ಆದರೂ ಕಂಬದ ಹಿಂದೆ ದೇವಿ ಇದ್ದಳಲ್ವಾ?

ಅಂಥ ಒಂದು ಕಂಬ ಯೆರೂಸಲೇಮಿನ ದೇವಾಲಯದ ಒಳಗೇ ಇತ್ತು. ಅಲ್ಲಿ ಹೆಂಗಸರು ಅಶೇರಳಿಗಾಗಿ ಬಟ್ಟೆ ನೇಯುತ್ತಿದ್ದರು. ಕ್ರಿ.ಪೂ. 622ರ ಸುಮಾರಿಗೆ ಅರಸ ಯೋಷೀಯ ಅದನ್ನು ಹೊರಗೆ ತೆಗೆಸಿ, ಕಿದ್ರೋನ್ ಹಳ್ಳದಲ್ಲಿ ಸುಟ್ಟು ಪುಡಿ ಮಾಡಿಸಿದ. ಆದರೆ ಸುಟ್ಟಮಾತ್ರಕ್ಕೆ ಭಕ್ತಿ ಹೋಗಲಿಲ್ಲ. ಯೆರೂಸಲೇಮ್ ಬಿದ್ದ ಮೇಲೆ ಈಜಿಪ್ಟಿಗೆ ಓಡಿಹೋದ ಹೆಂಗಸರು ಪ್ರವಾದಿ ಯೆರೆಮೀಯನ ಎದುರೇ ವಾದಿಸುತ್ತಾರೆ: ಗಗನದ ಒಡತಿಗೆ ಧೂಪ ಹಾಕುವುದನ್ನು ಬಿಟ್ಟಂದಿನಿಂದ ನಮಗೆ ಎಲ್ಲದಕ್ಕೂ ಕೊರತೆ, ಮೊದಲು ಹೊಟ್ಟೆತುಂಬಾ ಅನ್ನ ಇತ್ತು. ಅವರ ಮಾತನ್ನು ಯೆರೆಮೀಯನ ಪುಸ್ತಕ ಅಳಿಸದೆ ಉಳಿಸಿಕೊಂಡಿದೆ. ಅದಕ್ಕೇ ಆ 44ನೇ ಅಧ್ಯಾಯ ನನಗೆ ತುಂಬಾ ಇಷ್ಟ.

ಅದೇ ಈಜಿಪ್ಟಿನಲ್ಲಿ, ನೈಲ್ ನದಿಯ ಎಲಿಫಂಟೈನ್ ದ್ವೀಪದಲ್ಲಿ, ಯೆಹೂದಿ ಸೈನಿಕರ ಒಂದು ಕಾಲೊನಿ ಇತ್ತು. ಅವರ ದೇಣಿಗೆ ಪಟ್ಟಿಯೊಂದು ಪಪೈರಸ್ ಮೇಲೆ ಉಳಿದಿದೆ. ತಲೆಗೆ ಎರಡು ಶೆಕೆಲ್ ಬೆಳ್ಳಿ. ಕೊನೆಯಲ್ಲಿ ಲೆಕ್ಕ ಹಂಚಿದ್ದಾರೆ: ಯಾಹೂಗೆ, ಅಂದರೆ ಯೆಹೋವನಿಗೆ, 12 ಕರ್ಷ 6 ಶೆಕೆಲ್ (ಒಂದು ಕರ್ಷ ಅಂದರೆ ಹತ್ತು ಶೆಕೆಲ್ ತೂಕ). ಎಷೆಮ್-ಬೇತೇಲ್ ಎಂಬ ದೇವರಿಗೆ 7 ಕರ್ಷ. ಅನಾತ್-ಬೇತೇಲ್ ದೇವಿಗೆ 12 ಕರ್ಷ.